ಇಂಗ್ಲಿಷ್ ಬಿಟ್ಟು ನೇರ ಜಪಾನೀಸಿಂದ: ಒಂದು ಬೆಕ್ಕನ್ನ ಕನ್ನಡಕ್ಕೆ ತಂದ ನನ್ನ ಅನುಭವ

ಮೂರು ತಿಂಗಳ ಹಿಂದೆ ನನ್ನ ಅನುವಾದದ ಮೊದಲ ಭಾಗ 500 ಕಾಪಿ ಪ್ರೆಸ್ಸಿಂದ ಮನೆಗೆ ಬಂತು. ಸೋಫಾ ಪಕ್ಕ ಕಟ್ಟು ಕಟ್ಟಾಗಿ ಪೇರಿಸಿದೀನಿ, ಮನೇಲಿ ಬೈಗುಳ ಇನ್ನೂ ನಿಂತಿಲ್ಲ. "ಇಂಗ್ಲಿಷಲ್ಲೇ ಇದೆಯಲ್ಲಪ್ಪಾ, ಜಪಾನೀಸ್ ಯಾಕೆ" ಅಂತ ವರ್ಷಗಟ್ಟಲೆ ತಲೆ ತಿಂದ ಗೆಳೆಯರಿಗೆಲ್ಲ ಒಂದೊಂದು ಕಾಪಿ ಕೊಟ್ಟೆ, ದುಡ್ಡು ಇಸ್ಕೊಂಡೇ.

ಪುಸ್ತಕ ಜಪಾನಿನ ಲೇಖಕ ನತ್ಸುಮೆ ಸೋಸೆಕಿದು, 1905ರಲ್ಲಿ ಶುರುವಾದ 'ವಗಹಾಯ್ ವಾ ನೆಕೊ ದೆ ಆರು' (ನಾನು ಬೆಕ್ಕು), ಬೆಕ್ಕೇ ಕತೆ ಹೇಳೋ ಕಾದಂಬರಿ. ಮೊದಲನೇ ಸಲ ನಾನೂ ಇಂಗ್ಲಿಷಿಂದಲೇ ಮಾಡಿದ್ದೆ, ಎರಡು ವರ್ಷ ಹೋಯ್ತು. ಪ್ರಕಾಶಕರೊಬ್ಬರು ನೋಡಿ ಮೊದಲು ಕೇಳಿದ್ದೇ ಪರ್ಮಿಶನ್ ಲೆಟರ್. ಸೋಸೆಕಿ 1916ರಲ್ಲೇ ಹೋದ, ಎಂಥ ಲೆಟರ್ ಅಂದೆ. ಲೇಖಕ ಹೋಗಿ ಇಷ್ಟು ವರ್ಷ ಆಗಿರೋದ್ರಿಂದ ಮೂಲಕ್ಕೆ ಕಾಪಿರೈಟ್ ಇಲ್ಲ, ಆದ್ರೆ ನಾನಿಟ್ಕೊಂಡಿದ್ದ ಇಂಗ್ಲಿಷ್ ಅನುವಾದಕ್ಕೆ ಕಾಪಿರೈಟ್ ಇನ್ನೂ ಜೀವಂತ! ಇಷ್ಟು ಗೊತ್ತಿರಲಿಲ್ಲ ನಂಗೆ, ನಗಬೇಡಿ. ಜೊತೆಗೆ "ಬೆಕ್ಕು ಸೂಟು ಹಾಕ್ಕೊಂಡು ಮಾತಾಡ್ದಂಗಿದೆ" ಅಂತಾನೂ ಅಂದ್ರು. ಅದು ಚುಚ್ಚಿತು, ಯಾಕಂದ್ರೆ ನಿಜ.

ಪೀಣ್ಯದ ಕೆಲಸಕ್ಕೆ ಅಂತ ಕಲಿತಿದ್ದ ಜಪಾನೀಸ್ ಇತ್ತು, ಮೆಷಿನ್ ಮ್ಯಾನ್ಯುಯಲ್ ಓದೋ ಮಟ್ಟದ್ದು. ಆಓಜೋರಾ ಬುಂಕೋ ಅನ್ನೋ ಜಪಾನಿ ಆನ್‌ಲೈನ್ ಲೈಬ್ರರೀಲಿ ಮೂಲ ಪುಕ್ಕಟೆ ಇದೆ, ಇಳಿಸ್ಕೊಂಡೆ. ಬೆಳಿಗ್ಗೆ ಮೆಟ್ರೋದಲ್ಲಿ ಎರಡು ಪುಟ ಓದೋದು, ಸಂಜೆ ಲಾಲ್‌ಬಾಗಲ್ಲಿ ನಡೀತಾ ಪುಸ್ತಕ ನೋಡದೆ ಅದನ್ನ ಕತೆ ಥರ ಫೋನ್ ರೆಕಾರ್ಡರಿಗೆ ಹೇಳೋದು, ರಾತ್ರಿ ಕೇಳ್ಕೊಂಡು ಟೈಪ್ ಮಾಡಿ ಆಮೇಲೆ ಮೂಲದ ಜೊತೆ ಸಾಲು ಸಾಲು ತಾಳೆ ನೋಡೋದು. ಕಿಟೆಲ್ಲು, ಅಲರು ಥರದ ನಿಘಂಟೆಲ್ಲ ಈ ಕೊನೇ ಹಂತದಲ್ಲಿ ಮಾತ್ರ. "ನಾನು ಬೆಕ್ಕು, ನಂಗಿನ್ನೂ ಹೆಸರಿಲ್ಲ" ಅಂತ ಜೋರಾಗಿ ಹೇಳ್ತಾ ಹೋಗ್ತಿದ್ರೆ ವಾಕಿಂಗ್ ಅಂಕಲ್ ಒಬ್ರು ಬೆಂಚು ಬಿಟ್ಟು ಎದ್ದೇ ಹೋದ್ರು.

ಹಂಗೆ ಬಾಯಲ್ಲಿ ಹೇಳ್ವಾಗ್ಲೇ ಗೊತ್ತಾಗಿದ್ದು, ನಾವು ಸುಮ್ನೆ ಇಂಗ್ಲಿಷ್ ಸುತ್ತಿ ಬರ್ತಿದೀವಿ ಅಂತ. ಜಪಾನೀಸಲ್ಲಿ 'ಕಿನೋ ಮಿತ ನೆಕೊ', ಕನ್ನಡದಲ್ಲಿ 'ನಿನ್ನೆ ನೋಡಿದ ಬೆಕ್ಕು'. ಪದಕ್ಕೆ ಪದ ಅದೇ ಜಾಗ, ಕ್ರಿಯಾಪದ ಅವರದ್ದೂ ಕೊನೇಲೇ, ಉದ್ದುದ್ದ ವಾಕ್ಯನ ಮುರೀದೇ ಎಳ್ಕೊಂಡು ಬರಬಹುದು. ಜಿಮೆಜಿಮೆ ಅಂತ ಒಂದು ಪದ ಮೊದಲ ಪುಟದಲ್ಲೇ ಬರುತ್ತೆ, ತೇವದ ಜಾಗಕ್ಕೆ. ಇಂಗ್ಲಿಷಿಂದ ಮಾಡಿದಾಗ "ಒದ್ದೆಯಾದ" ಅಂತ ಬರ್ದಿದ್ದೆ, ಸತ್ತ ಪದ. ಬಾಯಿಗೆ ತಾನಾಗೇ ಬಂದಿದ್ದು "ಪಿಚಿಪಿಚಿ".

ಸಿಕ್ಕಾಕ್ಕೊಂಡಿದ್ದು 'ವಗಹಾಯ್' ಹತ್ರ, ಬೆಕ್ಕು ತನ್ನನ್ನ ತಾನು ಕರ್ಕೊಳ್ಳೋ ಪದ. ಅದು ಬರೀ ನಾನು ಅಲ್ಲ, ಮೀಸೆ ತಿರುವೋ ನಾನು. 'ನಾವು' ಅಂತ ಹಾಕಿದೆ, ಅಮ್ಮ ಕೇಳಿ "ಎಷ್ಟು ಬೆಕ್ಕೋ ಒಟ್ಟು?" ಅಂದ್ಲು. ಯಕ್ಷಗಾನದ ಅರ್ಥಗಾರಿಕೆ ಥರ 20 ಪುಟ ಮಾಡಿದೆ, ಮೊದಲ ಮೂರು ಪುಟ ಭರ್ಜರಿ ನಗು, ನಾಲ್ಕಕ್ಕೆ ಸುಸ್ತು. ಹಳಗನ್ನಡದ 'ಆನ್' ಟ್ರೈ ಮಾಡಿದ್ದಂತೂ ಯಾರಿಗೂ ತೋರ್ಸಲ್ಲ. ಕೊನೆಗೆ ಸರ್ವನಾಮ ಮುಟ್ಟದೇನೇ ಜಂಬ ತಂದೆ. ಹೆಂಗೆ ಅಂತ ಇಲ್ಲಿ ಹೇಳಲ್ಲ, ಪುಸ್ತಕ ತಗೊಂಡು ನೋಡ್ಕೊಳ್ಳಿ.

ಕತೇಲಿ ಬೆಕ್ಕಿನ ಯಜಮಾನ ಒಬ್ಬ ಮೇಷ್ಟ್ರು. ಸೋಸೆಕಿನೂ ಮೇಷ್ಟ್ರೇ, ಸರ್ಕಾರ ಇಂಗ್ಲಿಷ್ ಓದೋಕೆ 1900ರಲ್ಲಿ ಲಂಡನ್ನಿಗೆ ಕಳಿಸಿತ್ತು, ರೂಮಲ್ಲಿ ಕೂತು ಓದಿ ಓದಿ ತಲೆ ಕೆಟ್ಟಿದೆ ಅಂತ ಜಪಾನಿಗೆ ಸುದ್ದಿ ಹೋಗಿತ್ತು. ಫೋನ್ ಕೆಟ್ಟು ಒಂದು ವಾರದ ರೆಕಾರ್ಡಿಂಗ್ ಹೋದಾಗ ನಾನೂ ಹೆಚ್ಚುಕಮ್ಮಿ ಅಲ್ಲೇ ಇದ್ದೆ.

ಒಟ್ಟು 14-15 ತಿಂಗಳು ಹಿಡೀತು. ಪ್ರಕಾಶಕರೊಬ್ರು 12 ಸಾವಿರ ಲಂಪ್‌ಸಮ್ ಕೊಡ್ತೀನಿ, ಹಕ್ಕು ಪೂರ್ತಿ ನಮ್ದು ಅಂದ್ರು, ಕೈ ಮುಗಿದು ಬಂದೆ. ಸ್ವಂತಕ್ಕೆ ಹಾಕಿದ್ದು ಡಿಟಿಪಿ 7 ಸಾವಿರ, ಪ್ರೂಫು 5, ಕವರ್ 8, ಪ್ರಿಂಟು 60 ಚಿಲ್ರೆ. ಬೆಲೆ 280 ಇಟ್ಟಿದೀನಿ, 160 ಕಾಪಿ ಹೋಗಿದೆ, ಅಂಗಡಿ ಕಮಿಷನ್ ಕಳೆದು 34-35 ಸಾವಿರ ವಾಪಸ್ ಬಂತು ಅನ್ಸುತ್ತೆ. ಮೂಲನೂ ಮೂರು ಭಾಗದಲ್ಲೇ ಬಂದಿದ್ದು, ಎರಡನೇದು ಶುರು ಮಾಡಿದೀನಿ. ಸೋಫಾ ಪಕ್ಕ ಖಾಲಿ ಆಗೋವರೆಗೂ ಪ್ರೆಸ್ಸಿಗೆ ಹೋಗೋ ಹಂಗಿಲ್ಲ ಅಂತ ಮನೇಲಿ ಆರ್ಡರ್ ಆಗಿದೆ.