ಕುತ್ತಿಗೆ, ಕಣ್ಣು, ಚಕ್ಕರ್: ಹಣೆಗೆ ಲೇಸರ್ ಕಟ್ಟಿ ನಾನು ಮಾಡಿದ್ದು

"ಕುತ್ತಿಗೆಯಿಂದ ಎಲ್ಲಿಯ ಚಕ್ಕರ್? ಸುಮ್ನೆ ಗೋಡೆ ಮೇಲೆ ಲೇಸರ್ ಆಡಿಸ್ತಾನೆ" ಅಂತ ನನ್ನ ಬೆನ್ನ ಹಿಂದೆ ಆಡಿಕೊಂಡವರು ಕಮ್ಮಿಯಿಲ್ಲ. ಈಗ ಅವರಲ್ಲೇ ಒಂದಿಬ್ಬರು ಪೇಷಂಟ್ ಕಳಿಸುತ್ತಿದ್ದಾರೆ, ಅದಕ್ಕೇ ಬರೆಯುವ ಧೈರ್ಯ ಬಂತು. ಕುತ್ತಿಗೆಯಿಂದ ಬರುವ ಚಕ್ಕರನ್ನು ಹಣೆಗೆ ಕಟ್ಟಿದ ಲೇಸರಿನಿಂದ ಹೇಗೆ ಅಳೆಯುತ್ತೇನೆ, ಹೇಗೆ ಇಳಿಸುತ್ತೇನೆ ಅಂತ ಫಿಸಿಯೋ ಮಂದಿಗೇ ಬರೆಯುತ್ತಿದ್ದೇನೆ. ಒಳಕಿವಿಯ ಚಕ್ಕರ್ ಪತ್ತೆ ಮಾಡುವ ಡಿಕ್ಸ್-ಹಾಲ್‌ಪೈಕ್ ಪರೀಕ್ಷೆ ಹೇಗೆ ಅಂತ ಕೇಳಬೇಡಿ.

ನನ್ನ ಕ್ಲಿನಿಕ್ ರಬಕವಿ-ಬನಹಟ್ಟಿಯಲ್ಲಿ. ಓಣಿ ಓಣಿಗೂ ಪವರ್‌ಲೂಮ್. ಮಗ್ಗದ ಮುಂದೆ ನಿಂತವನು ಗೋಣು ಬಗ್ಗಿಸಿ ಹರಿದ ಎಳೆ ಹುಡುಕಬೇಕು, ಅಷ್ಟರಲ್ಲಿ ಪಕ್ಕದ ಮಗ್ಗ ನಿಂತರೆ ಗಕ್ಕನೆ ಆ ಕಡೆ ತಿರುಗಬೇಕು, ಇದು ಬೆಳಗಿನಿಂದ ರಾತ್ರಿವರೆಗೆ. ನನ್ನ ಹತ್ತಿರ ಬರುವಾಗ ಕೈಯಲ್ಲಿ ಎಕ್ಸ್‌ರೇ, ಕೊರಳಲ್ಲಿ ಕಾಲರ್, ಜೇಬಿನಲ್ಲಿ ಚಕ್ಕರ್ ಮಾತ್ರೆ ಬೀಟಾಹಿಸ್ಟಿನ್. "ತಿರುಗಂಗಿಲ್ರಿ ಸರ, ನೆಲಾ ಜಾರಿದಂಗ ಆಕ್ಕೈತಿ" ಅನ್ನುತ್ತಾರೆ. ಈ ಮಾತು ಕೇಳಿದರೆ ನನ್ನ ಕಿವಿ ನೆಟ್ಟಗಾಗುತ್ತದೆ. ಕೋಣೆಯೇ ಗಿರಗಿರ ತಿರುಗುತ್ತದೆ ಅಂದರೆ ಮೊದಲು ಕಿವಿ ನೋಡುತ್ತೇನೆ. ಮಾತು ತೊದಲುವುದು, ಒಂದು ಎರಡಾಗಿ ಕಾಣುವುದು ಇದ್ದರೆ ನಾನು ಮುಟ್ಟುವುದೇ ಇಲ್ಲ, ನೇರ ದೊಡ್ಡ ಆಸ್ಪತ್ರೆಗೆ. ಬಿಪಿ, ಶುಗರ್, ಬಿ12 ಎಲ್ಲ ನೋಡಿ, ಬೇರೆ ಯಾವ ಕಾರಣವೂ ಸಿಗದೆ ಉಳಿದವರೇ ನನ್ನ ಗಿರಾಕಿಗಳು.

ತಲೆಬುಡದ ಕೆಳಗಿನ ಚಿಕ್ಕ ಸ್ನಾಯುಗಳಲ್ಲಿ ಸ್ಪಿಂಡಲ್, ಅಂದರೆ ಸ್ನಾಯುವಿನ ಎಳೆತ ಅರಿಯುವ ಸಂವೇದಕ, ಎಷ್ಟು ದಟ್ಟ ಅಂತ ಎಲ್ಲರೂ ಓದಿದ್ದೀರಿ, ಕೆಲವದರಲ್ಲಿ ಗ್ರಾಂಗೆ ಇನ್ನೂರರ ಆಜುಬಾಜು. ಅಲ್ಲಿಂದ ಹೋದ ಸುದ್ದಿ ಮಿದುಳಿನ ಸಮತೋಲ ಕೇಂದ್ರವಾದ ವೆಸ್ಟಿಬ್ಯುಲರ್ ನ್ಯೂಕ್ಲಿಯಸ್‌ನಲ್ಲಿ ಒಳಕಿವಿಯ ಸುದ್ದಿಯ ಜೊತೆ ತಾಳೆಯಾಗಬೇಕು. ಆಗದಿದ್ದರೆ ಕಣ್ಣಿನ ಹಿಡಿತವೂ ತಪ್ಪುತ್ತದೆ, ಕಾಲಿನದೂ. ಥಿಯರಿ ಇಷ್ಟು ಸಾಕು.

ದುಡ್ಡಿನ ವಿಷಯಕ್ಕೆ ಬರೋಣ. ಕಣ್ಣಿನ ಚಲನೆ ಅಳೆಯುವ ವಿಎನ್‌ಜಿ ಮಷಿನ್‌ಗೆ ಒಬ್ಬ ಏಜೆಂಟ್ ಹೇಳಿದ ರೇಟು ಕೇಳಿ ಚಹಾ ಕುಡಿಸಿ ಕಳಿಸಿದೆ. ಲಕ್ಷಗಳ ಮಾತು. ನಮ್ಮಲ್ಲಿ ಒಂದು ಸಲಕ್ಕೆ 200 ರೂಪಾಯಿ ಕೊಡಲು ಹಿಂದೆಮುಂದೆ ನೋಡುತ್ತಾರೆ. ನನ್ನ ಸೆಟ್ಟು ಹೀಗಿದೆ: ಸ್ಟೇಷನರಿ ಅಂಗಡಿಯ ಕೆಂಪು ಲೇಸರ್ ನೂರೈವತ್ತೋ ಏನೋ, ಹೆಡ್‌ಲ್ಯಾಂಪಿನ ಪಟ್ಟಿ ಇನ್ನೂರು, ಫ್ಲೆಕ್ಸ್ ಅಂಗಡಿಯವನು ಮುದ್ರಿಸಿಕೊಟ್ಟ ವೃತ್ತಗಳ ಹಾಳೆ ಅಷ್ಟೇ. ಎಲ್ಲ ಸೇರಿ ಸಾವಿರ ದಾಟಿಲ್ಲ. ಹಸಿರು ಲೇಸರ್ ಬೇಡ. ಅಗ್ಗದ್ದರಲ್ಲಿ ಶಕ್ತಿ ಎಷ್ಟಿರುತ್ತದೋ ಹೇಳಲಾಗದು, ಕಣ್ಣಿಗೆ ಬಡಿದರೆ ಕಷ್ಟ. ಗೋಡೆಯಲ್ಲಿ ಕನ್ನಡಿ, ಗಾಜಿನ ಫೋಟೋ ಇದ್ದರೆ ತೆಗೆಯಿರಿ.

ಲೇಸರ್ ಹಣೆಗೆ ಕಟ್ಟಿ, ಗೋಡೆಯ ಹಾಳೆಯಿಂದ 90 ಸೆಂ.ಮೀ. ದೂರ ಕೂರಿಸಿ, ಕಣ್ಣು ಮುಚ್ಚಿಸಿ, ತಲೆ ಪೂರ್ತಿ ತಿರುಗಿಸಿ ವಾಪಸ್ ನಡುವಿಗೆ ತರಲು ಹೇಳುವುದು. ಲೇಸರ್ ಚುಕ್ಕೆ ಎಲ್ಲಿ ನಿಂತಿತು ಅಂತ ಗುರುತು ಹಾಕುವುದು. ಫ್ರಾನ್ಸಿನ ರೆವೆಲ್ ತಂಡ 1991ರಲ್ಲಿ ಬರೆದದ್ದು ಇದೇ. 4.5 ಡಿಗ್ರಿಗಿಂತ ಜಾಸ್ತಿ ತಪ್ಪಿದರೆ ಅನುಮಾನ ಪಡಬೇಕು, ಗೋಡೆಯ ಮೇಲೆ ಅದು ಸುಮಾರು 7 ಸೆಂ.ಮೀ. ಒಂದೆರಡು ಸಲ ನೋಡಿ ತೀರ್ಮಾನಿಸಬೇಡಿ, ಆರಕ್ಕಿಂತ ಕಮ್ಮಿ ಬೇಡ, ನಾನು ಹತ್ತು ಮಾಡಿಸಿ ಸರಾಸರಿ ಹಿಡಿಯುತ್ತೇನೆ.

ಕೇಳಲು ಸುಲಭ. ಆದರೆ ಪಟ್ಟಿ ಜಾರುತ್ತದೆ. ಎಣ್ಣೆ ಹಚ್ಚಿದ ತಲೆಯ ಮೇಲಂತೂ ತಲೆ ಒಂದು ಕಡೆ, ಲೇಸರ್ ಒಂದು ಕಡೆ. ಅದರ ಗುಂಡಿ ಒತ್ತಿಹಿಡಿಯಲು ಬಟ್ಟೆ ಕ್ಲಿಪ್ ಹಾಕಿದರೆ ಭಾರಕ್ಕೆ ಮೂತಿ ಕೆಳಗೆ ಬಾಗುತ್ತದೆ. ರಬ್ಬರ್ ಬ್ಯಾಂಡ್, ಎಂ-ಸೀಲ್, ಟೋಪಿ, ಸೈಕಲ್ ಹೆಲ್ಮೆಟ್ ಎಲ್ಲ ನೋಡಿದೆ. ಹೆಲ್ಮೆಟ್ಟಿನ ತೂಕಕ್ಕೆ ಗೋಣಿನ ಅಂದಾಜೇ ಬದಲಾಗುತ್ತದೆ, ಅದು ಉಪಯೋಗವಿಲ್ಲ. ಕೊನೆಗೆ ಬನಹಟ್ಟಿಯ ಒಬ್ಬ ಮಗ್ಗದ ಮೇಸ್ತ್ರಿ ಒಂದು ಉಪಾಯ ಹೇಳಿದರು. ಅಂದಿನಿಂದ ಲೇಸರ್ ಒಂದು ಕೂದಲೆಳೆಯೂ ಅಲುಗಿಲ್ಲ. ಏನು ಅಂತ ಇಲ್ಲಿ ಬರೆಯಲ್ಲ, ಕ್ಲಿನಿಕ್ಕಿಗೆ ಬಂದರೆ ತೋರಿಸುತ್ತೇನೆ.

ಇನ್ನೊಂದು ತಾಪತ್ರಯ ಪೇಷಂಟ್‌ಗಳದ್ದೇ. "ಕರೆಂಟ್ ಹಚ್ಚಂಗಿಲ್ಲೇನ್ರಿ?" ಅಂತ ಕೇಳುತ್ತಾರೆ. ನೋವಿಗೆ ಹಗುರ ಕರೆಂಟ್ ಕೊಡುವ ಐಎಫ್‌ಟಿ ಪ್ಯಾಡ್ ಇಡದೆ ಬರೀ ಗೋಡೆ ನೋಡಿಸಿ ದುಡ್ಡು ತಗೊಂಡರೆ ಮೋಸ ಅನ್ನಿಸುತ್ತದೆ ಅವರಿಗೆ. ಮೊದಲ ವರ್ಷ ಅರ್ಧಕ್ಕರ್ಧ ಜನ ಎರಡನೇ ಭೇಟಿಗೆ ಬರಲೇ ಇಲ್ಲ, ಬಾಡಿಗೆ ಹುಟ್ಟುವುದೂ ಕಷ್ಟವಾಗಿತ್ತು. ಆಮೇಲೆ ಹತ್ತು ನಿಮಿಷ ಕರೆಂಟ್ ಕೊಟ್ಟೇ ಶುರು ಮಾಡತೊಡಗಿದೆ. ಅದರಿಂದ ಚಕ್ಕರ್ ಹೋಗುತ್ತದೆ ಅಂತಲ್ಲ, ಮನುಷ್ಯ ಕೂರುತ್ತಾನೆ.

ಅಳತೆ ಆಯಿತು, ಇನ್ನು ವ್ಯಾಯಾಮ. ಗೆರೆ ಮೇಲೆ ಲೇಸರ್ ಆಡಿಸಲು ಎಲ್ಲರೂ ಇಂಗ್ಲಿಷಿನ ಎಂಟರ ಆಕಾರ ಕೊಡುತ್ತಾರೆ. ನಮ್ಮವರಿಗೆ ಅದು ಬೇಜಾರು. ನಾನು ಇಳಕಲ್ ಸೀರೆಯ ಸೆರಗಿನಲ್ಲಿರುವ ಗೋಪುರದ ಸಾಲನ್ನು ದೊಡ್ಡದಾಗಿ ಬರೆಸಿ ಅಂಟಿಸಿದೆ. ಮೆಟ್ಟಿಲು ಮೆಟ್ಟಿಲಾಗಿ ಹತ್ತಬೇಕು, ತುದಿಯಲ್ಲಿ ನಿಲ್ಲಬೇಕು, ಇಳಿಯಬೇಕು. ನೇಯುವವರಿಗೆ ಒಂದು ಮೂಲೆ ತಪ್ಪಿದರೂ ಸಹಿಸಲಾಗದು, ನಾನು ಹೇಳುವ ಮೊದಲೇ ವಾಪಸ್ ಹೋಗಿ ಸರಿಮಾಡುತ್ತಾರೆ! ಜೊತೆಗೆ ತಲೆಬುಡದ ಸ್ನಾಯು ಸಡಿಲಿಸುವುದು, ಕಣ್ಣು ಒಂದೆಡೆ ನೆಟ್ಟು ತಲೆ ಆಡಿಸುವುದು, ಕೊನೆಗೆ ಫೋಮ್ ಮೇಲೆ ನಿಂತು ಅದನ್ನೇ ಮಾಡುವುದು. ಯಾವುದರ ಹಿಂದೆ ಯಾವುದು ಅನ್ನುವುದರಲ್ಲೇ ನನ್ನ ಗುಟ್ಟಿದೆ, ಅದೂ ಸದ್ಯ ನನ್ನ ಹತ್ತಿರವೇ ಇರಲಿ.

ಫಲಿತಾಂಶ? ನೆನಪಿನಿಂದ ಹೇಳುತ್ತೇನೆ. 9-10 ಸೆಂ.ಮೀ. ತಪ್ಪುತ್ತಿದ್ದವರು ಐದಾರು ವಾರದಲ್ಲಿ 4ರ ಆಸುಪಾಸಿಗೆ ಬರುತ್ತಾರೆ. ಹತ್ತರಲ್ಲಿ ಆರೇಳು ಮಂದಿಗೆ ಚಕ್ಕರ್ ನಿಲ್ಲುತ್ತದೆ ಇಲ್ಲವೇ ಕೆಲಸಕ್ಕೆ ಅಡ್ಡಿಯಾಗದಷ್ಟು ಇಳಿಯುತ್ತದೆ. ಮೈಗ್ರೇನ್ ಇದ್ದವರಿಗೆ ಏನೂ ಆಗಲ್ಲ, ಕೆಲವರಿಗೆ ಜಾಸ್ತಿಯೇ ಆಗುತ್ತದೆ.

ನಡುವೆ ಒಂದು ಹುಚ್ಚಾಟ. ಕುತ್ತಿಗೆ ಹಿಂಭಾಗಕ್ಕೆ 80-100 ಹರ್ಟ್ಸ್ ಕಂಪನ ಕೊಟ್ಟರೆ ಕಣ್ಣು ಮುಚ್ಚಿ ನಿಂತವನು ಮುಂದೆ ವಾಲುತ್ತಾನೆ ಅಂತ ಓದಿದ್ದೆ. ಮಸಾಜ್ ಗನ್ ಕೊಂಡೆ, ಮೂರು ಸಾವಿರ ಹೋಯಿತು. ಅದರ ವೇಗ ಸೆಕೆಂಡಿಗೆ ಐವತ್ತೂ ದಾಟಲ್ಲ, ಪ್ರಯೋಜನವಿಲ್ಲ. ಆಮೇಲೆ ಹೊಳೆಯಿತು. ಕ್ಷೌರದಂಗಡಿಯ ವೈರಿನ ಕಾಯಿಲ್ ಮಷಿನ್ ನಮ್ಮ 50 ಹರ್ಟ್ಸ್ ಕರೆಂಟಿಗೆ ಸರಿಯಾಗಿ 100 ಸಲ ನಡುಗುತ್ತದೆ. ಬ್ಲೇಡ್ ತೆಗೆಸಿ, ಬೆನ್ನು ಭಾಗವನ್ನು ತಲೆಬುಡದ ಕೆಳಗಿಟ್ಟೆ. ನಿಂತಿದ್ದವನು ನಮ್ಮ ಹುಡುಗನೇ. ಹಿಮ್ಮಡಿ ನಿಧಾನ ಎತ್ತಿಕೊಂಡಿತು, ಬೆರಳು ನೆಲ ಹಿಡಿಯತೊಡಗಿದವು, "ಯಾರ್ ನೂಕಾಕತ್ತೀರಿ?" ಅಂದ. ಯಾರೂ ನೂಕಿರಲಿಲ್ಲ!

ಈಜು ಕನ್ನಡಕಕ್ಕೆ ಅಗ್ಗದ ಇನ್ಫ್ರಾರೆಡ್ ಕ್ಯಾಮೆರಾ ಕೂರಿಸಿ ಸಿಒಆರ್, ಅಂದರೆ ಗೋಣು ತಿರುಗಿದಾಗ ಕಣ್ಣು ತಾನಾಗಿ ಜಾರುವುದನ್ನು ಕೂಡ ನೋಡಿದೆ. ಕೋಣೆ ಕತ್ತಲು ಮಾಡಿ, ಒಬ್ಬ ತಲೆ ಹಿಡಿದರೆ ಇನ್ನೊಬ್ಬ ತಿರುಗುವ ಕುರ್ಚಿಯಲ್ಲಿ ಮೈ ಮಾತ್ರ ನಿಧಾನ ತಿರುಗಿಸುವುದು. ಬೆಳಕಿದ್ದರೆ ಕಣ್ಣು ಏನನ್ನೋ ಹಿಡಿದು ನಿಲ್ಲುತ್ತದೆ, ಏನೂ ತಿಳಿಯಲ್ಲ. ಆರೋಗ್ಯವಂತ ಹುಡುಗರಲ್ಲಿ ಕಾಣಿಸಿತು ಅಂತ ಹೇಳಲೂ ಧೈರ್ಯವಿಲ್ಲ, ಅಷ್ಟು ಸಣ್ಣದು. ಆದರೆ ಹಿಂದೆ ಟಿಬಿಗೆ ಸ್ಟ್ರೆಪ್ಟೊಮೈಸಿನ್ ತಗೊಂಡು ಎರಡೂ ಕಿವಿಯ ಸಮತೋಲ ಕಳೆದುಕೊಂಡಿದ್ದ ಒಬ್ಬ ಅಜ್ಜನಲ್ಲಿ ಮೈ ಯಾವ ಕಡೆ ತಿರುಗಿತೋ ಕಣ್ಣೂ ಆ ಕಡೆಗೇ ಜಾರಿತು. ಕಿವಿ ಕೈಬಿಟ್ಟಾಗ ಕುತ್ತಿಗೆ ಆ ಕೆಲಸ ಹೊತ್ತುಕೊಳ್ಳುತ್ತದೆ ಅಂತ ಓದಿದ್ದನ್ನು ಫೋನಿನ ಪರದೆಯಲ್ಲಿ ನೋಡಿದೆ. ಆ ಅಜ್ಜನಿಗೆ ಊರಿನಲ್ಲಿ ಯಾರೋ ಹಾಕಿಸಿದ್ದ ಕಾಲರ್ ಅವತ್ತೇ ತೆಗೆಸಿದೆ. ಅವರ ಹತ್ತಿರ ಉಳಿದಿದ್ದ ದಾರಿಯನ್ನೇ ಅದು ಕಟ್ಟಿಹಾಕಿತ್ತು.

ಮಾಡುವವರಿಗೆ ಇನ್ನೊಂದು ಮಾತು. ಬಟನ್ ಸೆಲ್ ಪೂರ್ತಿ ಪಟ್ಟಿಯನ್ನೇ ತಗೊಳ್ಳಿ, ಬಿಡಿ ಬಿಡಿಯಾಗಿ ಕೊಂಡರೆ ಎರಡರಷ್ಟು ಹಾಕುತ್ತಾರೆ. ಸೆಲ್ ಇಳಿದರೆ ಚುಕ್ಕೆ ಮಸುಕಾಗಿ ಗುರುತು ಅಂದಾಜಿನ ಮೇಲೆ ಬೀಳುತ್ತದೆ.