ಕೊಲ್ಲಿ, ಭೂಶಿರಗಳ ಹಳೆಯ ದಾಖಲೆಯನ್ನು ನೆಲದ ಜೊತೆ ತಾಳೆ ನೋಡುವ ಬಗೆ

ಕೊಲ್ಲಿ, ಭೂಶಿರಗಳ ಸುತ್ತ ಬೆಳೆದ ಎಷ್ಟೋ ನಿಗೂಢಗಳ ಬೇರು ಒಂದೇ: ಹಡಗಿನಿಂದ ಕಂಡು ಬರೆದದ್ದನ್ನು ನಾವು ದಡದಲ್ಲಿ ನಿಂತು ಹುಡುಕುತ್ತೇವೆ. ಸ್ಪೇನಿನ ನಾವಿಕ ವಿಜ್ಕಾಯಿನೊ 1602ರಲ್ಲಿ ಕ್ಯಾಲಿಫೋರ್ನಿಯಾದ ಮಾಂಟೆರೆ ಕೊಲ್ಲಿಯನ್ನು ಒಳ್ಳೆಯ ಬಂದರೆಂದು ಹೊಗಳಿ ಬರೆದ. 1769ರಲ್ಲಿ ಅದೇ ವರ್ಣನೆ ಹಿಡಿದು ನೆಲದ ದಾರಿಯಲ್ಲಿ ಬಂದ ಸ್ಪೇನಿನದೇ ಅಧಿಕಾರಿ ಪೋರ್ಟೊಲಾನ ತಂಡಕ್ಕೆ ಅದರ ಗುರುತೇ ಸಿಗಲಿಲ್ಲ. ದಾಟಿ ಉತ್ತರಕ್ಕೆ ನಡೆದವರ ಕಣ್ಣಿಗೆ ಬಿದ್ದದ್ದು ಸ್ಯಾನ್ ಫ್ರಾನ್ಸಿಸ್ಕೊ ಕೊಲ್ಲಿ. ಅದರ ಬಾಯಿ ಕಿರಿದು, ಮೇಲೆ ಮಂಜು. ಹಾಗಾಗಿ ಕಡಲಿನಲ್ಲಿ ಹಾದುಹೋದವರಿಗೆ ಅದು ಕಾಣದೆ ಉಳಿದಿತ್ತು.

ಆದ್ದರಿಂದ ಮೊದಲ ಕೆಲಸ, ಬರೆದವರಿಗೆ ಏನು ಕಾಣುತ್ತಿತ್ತು ಎಂದು ಲೆಕ್ಕ ಹಾಕುವುದು. ಎತ್ತರವನ್ನು ಮೀಟರಿನಲ್ಲಿ ತೆಗೆದುಕೊಂಡು ಅದರ ವರ್ಗಮೂಲವನ್ನು 3.57ರಿಂದ ಗುಣಿಸಿ, ದಿಗಂತ ಎಷ್ಟು ಕಿಲೋಮೀಟರ್ ದೂರ ಎಂಬುದು ಬರುತ್ತದೆ. ಹಡಗಿನಲ್ಲಿ 9 ಮೀಟರ್ ಎತ್ತರದಲ್ಲಿ ಕೂತವನಿಗೆ ದಿಗಂತ ಸುಮಾರು 10.7 ಕಿ.ಮೀ. 100 ಮೀಟರಿನ ಗುಡ್ಡಕ್ಕೆ 35.7 ಕಿ.ಮೀ. ಎರಡನ್ನೂ ಕೂಡಿಸಿದರೆ 46 ಕಿ.ಮೀ. ಆಚೆಯಿಂದ ಗುಡ್ಡದ ತುದಿ ಮಾತ್ರ ಕಾಣಬಹುದು. ಕೆಳಗಿನ ಮರಳು, ಅಳಿವೆ, ಕೊಲ್ಲಿಯ ಬಾಯಿ ಕಾಣುವುದಿಲ್ಲ. ಬಾರ್ತೊಲೊಮಿಯು ಡಯಾಸ್ 1488ರಲ್ಲಿ ಆಫ್ರಿಕದ ದಕ್ಷಿಣ ತುದಿಯನ್ನು ಸುತ್ತಿದಾಗ ನೆಲವೇ ಕಾಣದಷ್ಟು ದೂರದಲ್ಲಿದ್ದ. ಗುಡ್ ಹೋಪ್ ಭೂಶಿರವನ್ನು ಅವನು ಕಂಡದ್ದು ಮರಳುವಾಗ.

ಹಳೆಯ ನಕ್ಷೆಯಲ್ಲಿ ಅಕ್ಷಾಂಶವನ್ನು ನಂಬಿ, ರೇಖಾಂಶವನ್ನು ಸುಲಭಕ್ಕೆ ನಂಬಬೇಡಿ. ಕಡಲಿನಲ್ಲಿ ರೇಖಾಂಶ ತಿಳಿಯಲೆಂದು ಇಂಗ್ಲೆಂಡಿನ ಹ್ಯಾರಿಸನ್ ಮಾಡಿದ ಗಡಿಯಾರಗಳಲ್ಲಿ ನಾಲ್ಕನೆಯದನ್ನು ಕಡಲಿನಲ್ಲಿ ಪರೀಕ್ಷಿಸಿದ್ದೇ 1761ರಲ್ಲಿ; ಅದಕ್ಕೆ ಮುಂಚಿನ ರೇಖಾಂಶ ಬಹುಮಟ್ಟಿಗೆ ಅಂದಾಜು. ಫ್ರೆಂಚ್ ನಕ್ಷೆಯಾದರೆ ಸೊನ್ನೆಯ ಗೆರೆ ಪ್ಯಾರಿಸ್ಸಿನದಿರಬಹುದು, ಆಗ ಗ್ರೀನಿಚ್‌ಗಿಂತ 2 ಡಿಗ್ರಿ 20 ನಿಮಿಷ ಪೂರ್ವಕ್ಕೆ ಸರಿಸಿ ಓದಬೇಕು. ಆಳದ ಅಂಕಿಗಳೂ ಹಾಗೆಯೇ: ಬ್ರಿಟಿಷರ ಫ್ಯಾದಮ್ 1.83 ಮೀಟರ್, ಫ್ರೆಂಚರ ಬ್ರಾಸ್ 1.62 ಮೀಟರ್. ದಿಕ್ಕನ್ನು ದಿಕ್ಸೂಚಿಯಿಂದ ಬರೆದಿದ್ದರೆ ಆ ವರ್ಷದ ಕಾಂತೀಯ ವ್ಯತ್ಯಾಸವನ್ನು (ಮುಳ್ಳು ತೋರುವ ಉತ್ತರಕ್ಕೂ ನಿಜವಾದ ಉತ್ತರಕ್ಕೂ ಇರುವ ಅಂತರ) ಸರಿಪಡಿಸಿ. ಆಫ್ರಿಕದ ದಕ್ಷಿಣ ತುದಿಯ ಅಗುಲ್ಹಾಸ್ ಭೂಶಿರದಲ್ಲಿ 1500ರ ಸುಮಾರಿಗೆ ಮುಳ್ಳು ನೇರ ಉತ್ತರಕ್ಕೇ ನಿಲ್ಲುತ್ತಿತ್ತು. ಈಗ 25 ಡಿಗ್ರಿಗೂ ಹೆಚ್ಚು ಪಶ್ಚಿಮಕ್ಕೆ ವಾಲುತ್ತದೆ. ಇದನ್ನು ಮರೆತು ಗುಡ್ಡ ಹುಡುಕಿದರೆ ಬೇರೆಯದೇ ಗುಡ್ಡ ಸಿಗುತ್ತದೆ.

ತಾರೀಖಿನಲ್ಲೂ ಎಚ್ಚರ ಬೇಕು. ಇಂಗ್ಲೆಂಡ್ 1752ರವರೆಗೆ ಹಳೆಯ ಜೂಲಿಯನ್ ಪಂಚಾಂಗವನ್ನೇ ಬಳಸಿತು. ಅದಕ್ಕೂ ಈಗಿನ ಪಂಚಾಂಗಕ್ಕೂ 17ನೇ ಶತಮಾನದಲ್ಲಿ ವ್ಯತ್ಯಾಸ 10 ದಿನ. ಹಡಗು ಒಡೆದ ದಿನದ ಉಬ್ಬರವನ್ನು ಲೆಕ್ಕ ಹಾಕುವಾಗ ಇದನ್ನು ಬಿಟ್ಟರೆ ಹುಣ್ಣಿಮೆಯ ದೊಡ್ಡ ಉಬ್ಬರ ಬೇರೆ ತಿಥಿಯ ಸಣ್ಣ ಉಬ್ಬರವಾಗಿಬಿಡುತ್ತದೆ, ಹಡಗು ಬಂಡೆಗೆ ಹೇಗೆ ಹತ್ತಿತು ಎಂಬುದು ಬಗೆಹರಿಯುವುದೇ ಇಲ್ಲ.

ಇನ್ನು ನೆಲದ ಸಾಕ್ಷಿ. ನೌಕಾ ನಕ್ಷೆಯಲ್ಲಿ 120 ಮೀಟರ್ ಆಳದ ಗೆರೆಯನ್ನು ಬಣ್ಣದಿಂದ ಎಳೆಯಿರಿ. ಸುಮಾರು 20,000 ವರ್ಷಗಳ ಹಿಂದೆ ಕಡಲು ಹೆಚ್ಚುಕಡಿಮೆ ಅಲ್ಲಿತ್ತು. ಕೊಲ್ಲಿ ಮರದ ಕೊಂಬೆಗಳಂತೆ ಒಳಗೆ ಕವಲೊಡೆದಿದ್ದರೆ ಅದು ಮುಳುಗಿದ ನದಿಕಣಿವೆ ಇರಬೇಕು. ಗೋಡೆ ಕಡಿದಾಗಿ, ಒಳಗೆ ಆಳವಾಗಿ, ಬಾಯಲ್ಲಿ ಮಾತ್ರ ಆಳ ಕಡಿಮೆಯಿದ್ದರೆ ಹಿಮನದಿ ಕೊರೆದ ಕಣಿವೆ. ಹಿಮದ ಭಾರ ಇಳಿದ ಕಡೆ ಈ 120ರ ಲೆಕ್ಕ ನಡೆಯದು, ನೆಲವೇ ಮೇಲೇಳುತ್ತದೆ. ಸ್ವೀಡನ್, ಫಿನ್ಲೆಂಡ್‌ಗಳ ನಡುವಿನ ಬೋತ್ನಿಯಾ ಕೊಲ್ಲಿಯ ಉತ್ತರ ಭಾಗದಲ್ಲಿ ಅದು ಈಗಲೂ ವರ್ಷಕ್ಕೆ ಸುಮಾರು 9 ಮಿಲಿಮೀಟರ್.

ಭೂಶಿರದ ಬಂಡೆ ಗಟ್ಟಿ, ಕೊಲ್ಲಿಯದು ಮೆದು ಎಂಬುದನ್ನು ಇಂಗ್ಲೆಂಡಿನ ಲಲ್ವರ್ತ್‌ನಲ್ಲಿ ಸ್ಪಷ್ಟವಾಗಿ ನೋಡಬಹುದು: ಹೊರಗೆ ಸುಣ್ಣಕಲ್ಲು, ಒಳಗೆ ಜೇಡಿ. ಅಲೆಗಳು ಬಾಗಿ ಭೂಶಿರದ ಮೇಲೆಯೇ ಒಟ್ಟುಗೂಡುವುದರಿಂದ ಅಲ್ಲಿ ಬಿರುಕು ಗುಹೆಯಾಗಿ, ಗುಹೆ ಕಮಾನಾಗಿ, ಕಮಾನು ಕುಸಿದು ಕಂಬವಾಗುತ್ತದೆ. ಮಾಲ್ಟಾದ ಪ್ರಸಿದ್ಧ ಕಮಾನು 2017ರ ಮಾರ್ಚ್ 8ರಂದು ಬಿತ್ತು. ಹಳೆಯ ಚಿತ್ರದಲ್ಲಿರುವ ಕಮಾನು ಈಗಿಲ್ಲವೆಂದು ಚಿತ್ರಕಾರನನ್ನು ಸುಳ್ಳುಗಾರ ಮಾಡಬೇಡಿ.

ಕಾಡಿರುವ ಕೊಲ್ಲಿಯಲ್ಲಿ ಮರಗಳನ್ನು ನೋಡಲೇಬೇಕು. ಮೇಲೆ ಹಳೆಯ ಮರ, ಕೆಳಗೆ ಒಂದೇ ವಯಸ್ಸಿನ ಎಳೆಯ ಮರ, ನಡುವೆ ಚೊಕ್ಕ ಗೆರೆ ಇದ್ದರೆ ದೊಡ್ಡ ಅಲೆ ಬಂದು ಹೋಗಿರುವ ಸಂಭವವಿದೆ. ಅಲಾಸ್ಕದ ಲಿಟುಯಾ ಕೊಲ್ಲಿಯಲ್ಲಿ 1958ರ ಜುಲೈ 9ರಂದು ಗುಡ್ಡ ಕುಸಿದು ಎದ್ದ ನೀರು 524 ಮೀಟರ್ ಎತ್ತರದವರೆಗೆ ಮರಗಳನ್ನು ಕಿತ್ತೊಯ್ದಿತು. ಹಿಂದಿನ ಅಲೆಗಳ ಗೆರೆಗಳು ಅದಕ್ಕೂ ಮೊದಲೇ ಅಲ್ಲಿದ್ದವು. ವಯಸ್ಸು ತಿಳಿಯಲು ಮರವನ್ನು 1.3 ಮೀಟರ್ ಎತ್ತರದಲ್ಲಿ ಕೊರೆಯುವುದು ವಾಡಿಕೆ. ಸಸಿ ಆ ಎತ್ತರಕ್ಕೆ ಬರಲು ಹಿಡಿದ ವರ್ಷಗಳನ್ನು ಕೂಡಿಸದಿದ್ದರೆ ಅಲೆ ಇತ್ತೀಚಿನದೆಂದು ತಪ್ಪಾಗಿ ತೋರುತ್ತದೆ. ಬೆಂಕಿ, ಭೂಕುಸಿತಗಳೂ ಇಂಥ ಗೆರೆ ಬಿಡುತ್ತವೆ. ಕೊಲ್ಲಿಯ ಎರಡೂ ದಡಗಳಲ್ಲಿ ಒಂದೇ ವಯಸ್ಸಿನ ಗೆರೆ ಸಿಕ್ಕರೆ ಮಾತ್ರ ಅಲೆಯ ವಾದ ಗಟ್ಟಿಯಾಗುತ್ತದೆ.

ಭೂಶಿರದ ಬುಡ ನೋಡಲು ಇಳಿತ ಮುಗಿಯುವುದಕ್ಕೆ ಎರಡು ಗಂಟೆ ಮೊದಲು ಇಳಿಯಿರಿ, ನೀರು ತಿರುಗಿದೊಡನೆ ಹೊರಡಿ. ಸಾಮಾನ್ಯ ತೀರದಲ್ಲಿ ಆರು ಗಂಟೆಯ ಏರಿಕೆಯ ಅರ್ಧದಷ್ಟು ಮೂರನೆಯ ಮತ್ತು ನಾಲ್ಕನೆಯ ಗಂಟೆಯಲ್ಲೇ ಬರುತ್ತದೆ. ಮೊದಲ ಗಂಟೆಯ ನಿಧಾನ ನೋಡಿ ಕೂತವರು ಸಿಕ್ಕಿಬೀಳುವುದು ಆಗಲೇ. ಉಬ್ಬರದ ಸಮಯ ದಿನಕ್ಕೆ ಸುಮಾರು 50 ನಿಮಿಷ ಮುಂದೆ ಹೋಗುವುದರಿಂದ ನಿನ್ನೆಯ ಪಟ್ಟಿ ಇವತ್ತಿಗೆ ಬಾರದು.