ನಮ್ಮೂರ ಬೀಚಿನಲ್ಲಿ ಫೀಸು ಶುರು ಮಾಡಿದ್ದು ಹೀಗೆ

ಮಲ್ಪೆಯಲ್ಲಿ ಕಾಲಿಡಲು ಜಾಗ ಇಲ್ಲ ಅಂತಾದ ಮೇಲೆ ಜನ ಸಣ್ಣ ಸಣ್ಣ ತೀರಗಳನ್ನು ಹುಡುಕತೊಡಗಿದರು. ಹಾಗೆ ಉಡುಪಿ ಕಡೆಯ ನಮ್ಮ ಊರಿಗೂ ಬಂದರು. ಆಗ ನಾನು ಗ್ರಾಮ ಪಂಚಾಯತ್ ಸದಸ್ಯೆ. ಸೋಮವಾರ ಬೆಳಿಗ್ಗೆ ಹೋಗಿ ನೋಡಿದರೆ ಗಾಳಿಮರದ ಬುಡದಲ್ಲಿ ಬಾಟ್ಲಿ ಚೂರು, ಬಿರಿಯಾನಿ ಪೊಟ್ಟಣ, ಮಕ್ಕಳ ಡೈಪರ್. ಕೈರಂಪಣಿ ಬಲೆ ಎಳೆಯುವವರು ಬರಿಗಾಲಲ್ಲಿ ನಿಲ್ಲುವ ಜಾಗ ಅದು. ಗಾಜು ಚುಚ್ಚಿ ಹೊಲಿಗೆ ಹಾಕಿಸಿಕೊಂಡವರೂ ಇದ್ದಾರೆ.

ಫೀಸು ಹಾಕೋಣ ಅಂದಾಗ ಗ್ರಾಮಸಭೆಯಲ್ಲಿ ದೊಡ್ಡ ಗಲಾಟೆ. "ಕಡಲಿಗೂ ಟಿಕೆಟ್ ಮಾಡ್ತೀರಾ?" ಅಂತ ಒಬ್ಬ ಹಿರಿಯ ಮೊಗವೀರರು ಎದ್ದು ಕೇಳಿದರು. ಅವರು ಕೇಳಿದ್ದು ಸರಿಯೇ ಇತ್ತು. ಮರಳು ಪಂಚಾಯತಿನದ್ದಲ್ಲ, ಅಲೆಯಂತೂ ಯಾರದ್ದೂ ಅಲ್ಲ. ನಾವು ಮೊದಲು ಪಹಣಿ ತೆಗೆಸಿ, ಯಾವ ಜಾಗ ಯಾರದು ಅಂತ ನೋಡಿದೆವು. ಗಾಳಿಮರದ ತೋಪಿನ ಹಿಂದಿನ ಮೈದಾನ ಮಾತ್ರ ಪಂಚಾಯತಿನದ್ದು. ಹಾಗಾಗಿ ಫೀಸು ಗಾಡಿಗೆ ಮಾತ್ರ ಅಂತ ತೀರ್ಮಾನವಾಯಿತು: ಬೈಕಿಗೆ 10 ರೂಪಾಯಿ, ಕಾರಿಗೆ 30, ಟೆಂಪೊ ಟ್ರಾವೆಲರ್‌ಗೆ 100. ನಡೆದು ಬಂದವರಿಗೆ, ಬಸ್ಸಿಳಿದು ಬಂದವರಿಗೆ, ಊರಿನವರ ಗಾಡಿಗೆ ಏನೂ ಇಲ್ಲ.

ಬೇರೆ ಕಡೆ ಹೇಗೆ ಮಾಡುತ್ತಾರೆ ಅಂತ ಓದುವಾಗ ಅಮೆರಿಕದ 2004ರ ಒಂದು ಕಾನೂನು ಸಿಕ್ಕಿತು. ಅಲ್ಲಿ ಅರಣ್ಯ ಇಲಾಖೆಯ ಜಾಗದಲ್ಲಿ ಸುಮ್ನೆ ಗಾಡಿ ನಿಲ್ಲಿಸಿದ್ದಕ್ಕೆ ದುಡ್ಡು ಕೇಳುವ ಹಾಗಿಲ್ಲ. ಸಾಮಾನ್ಯ ಸೌಲಭ್ಯದ ಫೀಸು ತೆಗೆದುಕೊಳ್ಳಬೇಕಾದರೆ ಪಾರ್ಕಿಂಗ್, ಶೌಚಾಲಯ, ಕಸದ ತೊಟ್ಟಿ, ಮಾಹಿತಿ ಫಲಕ, ಕೂತು ಉಣ್ಣಲು ಮೇಜು, ಕಾವಲು ಈ ಆರೂ ಇರಬೇಕು. ವಸೂಲಾದ ದುಡ್ಡಿನಲ್ಲಿ ಸಾಮಾನ್ಯವಾಗಿ ಕನಿಷ್ಠ ಶೇ 80 ಭಾಗ ಅದೇ ಜಾಗಕ್ಕೆ ಸಿಗಬೇಕು. ನಮಗೆ ಆ ಕಾನೂನು ಅನ್ವಯಿಸುವುದಿಲ್ಲ, ಅದು ಬೇರೆ ಮಾತು. ಆದರೆ ನನಗೆ ಅದು ತುಂಬಾ ಹಿಡಿಸಿತು. ಮೊದಲು ಸೌಲಭ್ಯ, ಆಮೇಲೆ ರಶೀದಿ ಅಂತ ನಾನು ಹಟ ಹಿಡಿದೆ. ಕಡಲತೀರದಲ್ಲಿ ಕಟ್ಟಡಗಳಿಗೆ ಮಿತಿ ಹಾಕುವ ಸಿಆರ್‌ಝಡ್ ನಿಯಮ ಇರುವುದರಿಂದ ತೀರದಲ್ಲಿ ಕಾಂಕ್ರೀಟ್ ಕಟ್ಟಡದ ಆಸೆ ಬಿಟ್ಟೆವು. ಎತ್ತಿ ಬೇರೆಡೆ ಇಡಬಹುದಾದ ಶೌಚಾಲಯ, ಬಟ್ಟೆ ಬದಲಿಸಲು ಎರಡು ಕೋಣೆ, ನಲ್ಲಿ ನೀರು ಬಂದ ಮೇಲೆಯೇ ಗೇಟಿಗೆ ಹಗ್ಗ ಕಟ್ಟಿದ್ದು.

ಗೇಟಿನಲ್ಲಿ ಸ್ತ್ರೀಶಕ್ತಿ ಸಂಘದ ಹೆಂಗಸರು ಕೂರುತ್ತಾರೆ. ಕಸ ವಿಂಗಡಿಸುವವರೂ ಅವರ ಪೈಕಿಯವರೇ. ನಮ್ಮ ಜಿಲ್ಲೆಯದ್ದೇ ಆದ ವಂಡ್ಸೆ ಪಂಚಾಯತಿನಲ್ಲಿ ಕಸದ ಕೆಲಸ ನಡೆಯುವುದನ್ನು ನೋಡಿದವರಿಗೆ ಇದು ಹೊಸದಲ್ಲ. ಪ್ಲಾಸ್ಟಿಕ್ ಬಾಟ್ಲಿಗೆ 10 ರೂಪಾಯಿ ಠೇವಣಿ ಇಟ್ಟೆವು, ವಾಪಸ್ ತಂದರೆ ಹಣ ವಾಪಸ್. ಮೊದಲು ಸ್ಟಿಕ್ಕರ್ ಅಂಟಿಸುತ್ತಿದ್ದೆವು. ಫ್ರಿಜ್ಜಿನಿಂದ ತೆಗೆದ ಬಾಟ್ಲಿ ಬೆವರಿ ಸ್ಟಿಕ್ಕರ್ ಜಾರಿ ಬೀಳುತ್ತಿತ್ತು, ಆಮೇಲೆ ಜಗಳ. ಕೊನೆಗೆ ಸಂಘದವರೇ ಹಳೇ ಸೈಕಲ್ ಟ್ಯೂಬನ್ನು ಬಳೆ ಬಳೆಯಾಗಿ ಕತ್ತರಿಸಿ, ಬಿಳಿ ಬಣ್ಣದಲ್ಲಿ ನಂಬರ್ ಬರೆದು, ಬಾಟ್ಲಿ ಕುತ್ತಿಗೆಗೆ ಹಾಕತೊಡಗಿದರು. ನೀರು ಬಿದ್ದರೂ ಜಾರುವುದಿಲ್ಲ. ಮಕ್ಕಳು ಬೇರೆಯವರ ಬಾಟ್ಲಿಯನ್ನೂ ಹೆಕ್ಕಿ ತಂದು ಹತ್ತು ರೂಪಾಯಿ ಕೇಳುತ್ತಾರೆ. ಕೊಡುತ್ತೇವೆ, ಕೊಡಲೇಬೇಕು ಅಲ್ವಾ.

ಲೆಕ್ಕ ಬೇರೆ ಇಡಬೇಕು ಅಂತ ನಿರ್ಣಯ ಬರೆಸಿದ್ದೆವು. ಗೇಟಿನ ಪಕ್ಕ ಒಂದು ಕರಿಹಲಗೆ ಇದೆ. ವಾರದ ವಸೂಲಿ, ಸಂಬಳ, ಫಿನಾಯಿಲ್, ಟ್ಯಾಂಕರ್ ನೀರು ಎಲ್ಲಾ ಅದರಲ್ಲಿ ಚಾಕ್‌ಪೀಸಿನಿಂದ ಬರೆದಿರುತ್ತದೆ. "ಮೂವತ್ತು ರೂಪಾಯಿ ಯಾಕೆ?" ಅಂತ ಗೊಣಗುವವರಿಗೆ ಹಲಗೆ ತೋರಿಸಿದರೆ ಸಾಕು, ಹೆಚ್ಚಿನವರು ಸ್ಕ್ಯಾನ್ ಮಾಡಿ ಮುಂದೆ ಹೋಗುತ್ತಾರೆ. ಆ ಹಲಗೆ ಇಲ್ಲದೆ ಯಾವ ಊರಿನವರೂ ಫೀಸು ಶುರು ಮಾಡಬೇಡಿ ಅಂತ ನಾನು ಕೈಮುಗಿದು ಹೇಳುತ್ತೇನೆ.

ಈಗಿನ ತಕರಾರು ಫೀಸು ವಸೂಲಿಯನ್ನು ಏಲಂ ಹಾಕುವ ಬಗ್ಗೆ. ಗುತ್ತಿಗೆದಾರರಿಗೆ ಕೊಟ್ಟರೆ ವರ್ಷಕ್ಕೆ ಇಂತಿಷ್ಟು ಅಂತ ಒಂದೇ ಸಲ ಕೈಗೆ ಬರುತ್ತದೆ, ತಲೆನೋವಿಲ್ಲ ಅಂತ ಕೆಲವರ ವಾದ. ನಾನು ಖಂಡಿತ ವಿರೋಧಿಸುತ್ತೇನೆ. ಏಲಂ ಹಿಡಿದವರು ಕೊಟ್ಟ ದುಡ್ಡನ್ನು ಹೇಗಾದರೂ ಹುಟ್ಟಿಸಬೇಕು. ಮೈದಾನ ತುಂಬಿದ ಮೇಲೂ ಗಾಡಿ ಒಳಗೆ ಬಿಡುತ್ತಾರೆ, ತೋಪಿನೊಳಗೂ ನಿಲ್ಲಿಸುತ್ತಾರೆ. ನಾವು ಮೈದಾನ ತುಂಬಿದ ಕೂಡಲೇ ಹಗ್ಗ ಎಳೆದು, ಬಂದವರನ್ನು ವಾಪಸ್ ಕಳಿಸುತ್ತೇವೆ. ಬಲೆ ಎಳೆಯುವ ಹೊತ್ತಿನಲ್ಲಿ ಆ ಕಡೆ ಯಾರನ್ನೂ ಬಿಡುವುದಿಲ್ಲ. ಇಂಥದ್ದನ್ನೆಲ್ಲ ಗುತ್ತಿಗೆ ಪತ್ರದಲ್ಲಿ ಬರೆಯಬಹುದು, ಆದರೆ ಭಾನುವಾರ ಸಂಜೆ ಅಲ್ಲಿ ನಿಂತು ಮಾಡಿಸುವವರು ಯಾರು?

ಇನ್ನೊಂದು ಕಷ್ಟ ಮಳೆಗಾಲದ್ದು. ಜೂನ್ 1ರಿಂದ ಜುಲೈ 31ರವರೆಗೆ ಯಾಂತ್ರೀಕೃತ ಬೋಟುಗಳೇ ಕಡಲಿಗೆ ಇಳಿಯುವ ಹಾಗಿಲ್ಲ. ಆಗ ನಾವು ಗೇಟು ಮುಚ್ಚುತ್ತೇವೆ, ಫೀಸೂ ಇಲ್ಲ. ಆದರೆ ಘಟ್ಟದ ಮೇಲಿಂದ ಬಂದ ಹುಡುಗರು ಅಬ್ಬರದ ಅಲೆಗೆ ಇಳಿಯುವುದು ಆಗಲೇ. ಕಾವಲಿನವರು ಜಾಸ್ತಿ ಬೇಕಾಗುವುದೂ ಆಗಲೇ. ಅದಕ್ಕಾಗಿ ಬೇಸಗೆಯ ವಸೂಲಿಯಲ್ಲಿ ಒಂದಂಶ ತೆಗೆದಿಡುತ್ತೇವೆ, ಅದು ಸಾಲುತ್ತಿಲ್ಲ. ಮುಂದಿನ ಗ್ರಾಮಸಭೆಯಲ್ಲಿ ಕಾರಿನ ಫೀಸು 40 ಮಾಡಿ, ಹೆಚ್ಚಿನ ಹತ್ತು ರೂಪಾಯಿಯನ್ನು ಪೂರ್ತಿಯಾಗಿ ಮಳೆಗಾಲದ ಕಾವಲಿನವರ ಸಂಬಳಕ್ಕೆ ಇಡಬೇಕು ಅಂತ ಕೇಳಲಿದ್ದೇನೆ. ನಾನೀಗ ಸದಸ್ಯೆಯಲ್ಲ, ಆದರೆ ಗ್ರಾಮಸಭೆಯಲ್ಲಿ ಮಾತಾಡಲು ಅದೇನೂ ಅಡ್ಡಿಯಿಲ್ಲ.